ನಾಲ್ಕನೆಯ ಪೆಟ್ಟು

ಜನವರಿ 12

ಸಿನಿಮಾದ ಮೇಡಂ ಅವರಿಗೆ,

ನಮಸ್ಕಾರ. ನಾನು ಲಾಂಡ್ರಿಯಲ್ಲಿ ಬಟ್ಟೆ ಮಡಿಸುವ ಮೇಜಿನ ಹತ್ತಿರ ನಿಲ್ಲುವವಳು. ನಿಮ್ಮ ಹುಡುಗರು ‘ಅಕ್ಕ’ ಎನ್ನುತ್ತಾರಲ್ಲ, ಅವಳೇ. ಇವತ್ತು ನಿಮಗೆ ನನ್ನ ಮೇಲೆ ಸಿಟ್ಟು ಬಂದಿತ್ತು. ಬಾಯಿ ಬಿಟ್ಟು ಏನೂ ಹೇಳಲಿಲ್ಲ, ಆದರೆ ಹೆಡ್‌ಫೋನ್ ಕಿತ್ತು ಕುತ್ತಿಗೆಗೆ ಹಾಕಿಕೊಂಡ ರೀತಿಯಲ್ಲೇ ಗೊತ್ತಾಯಿತು.

“ನಾವು ಇಲ್ಲಿಲ್ಲ ಅಂದ್ಕೊಳ್ಳಿ, ನಿಮ್ಮ ಪಾಡಿಗೆ ನೀವು ಕೆಲ್ಸ ಮಾಡ್ಕೊಂಡಿರಿ” ಎಂದು ಮೊದಲ ದಿನವೇ ಹೇಳಿದ್ದಿರಿ. ಬೇರೆಯವರು ಒಂದಷ್ಟು ದಿನ ತಲೆ ಬಾಚಿ ಪೌಡರ್ ಹಚ್ಚಿಕೊಂಡು ಬಂದರು, ಆಮೇಲೆ ನಿಮ್ಮನ್ನು ಮರೆತರು. ಬಾಗಿಲ ಪಕ್ಕದ ಮಿಷಿನ್‌ನ ದಪ್ಪಕ್ಕ ಈಗ ಕ್ಯಾಮೆರಾದ ಎದುರಿಗೇ ಕಾಲು ಚಾಚಿ ಗೊರಕೆ ಹೊಡೆಯುತ್ತಾಳೆ. ನಾನೊಬ್ಬಳೇ ಮತ್ತೆ ಮತ್ತೆ ಆ ಕಪ್ಪು ಗಾಜಿನೊಳಕ್ಕೆ ಕಣ್ಣು ನೆಟ್ಟು ನಿಮ್ಮ ಕೆಲಸ ಕೆಡಿಸುತ್ತೇನೆ. ಇವತ್ತು ಮಾತನ್ನೂ ಆಡಿಬಿಟ್ಟೆ. “ತಮ್ಮಾ, ಅವ್ರು ಬದುಕಿದಾರೆ ಕಣೋ, ಮನೆಗೆ ಬಾರೋ” ಎಂದೆ. ನೀವು ಕ್ಯಾಮೆರಾ ನಿಲ್ಲಿಸಿದಿರಿ. ಯಾಕೆ ಹಾಗೆಂದೆ ಎಂದು ಎಲ್ಲರೆದುರು ಹೇಳಲಾಗಲಿಲ್ಲ. ಅದಕ್ಕೇ ಈ ಕಾಗದ.

ಗೋಡೆಯ ಆಚೆ ಬಾಯ್ಲರ್ ಕೋಣೆಯಲ್ಲಿ ಈಗ ಇರುವವನ ಜಾಗದಲ್ಲಿ ಮೊದಲು ಇದ್ದದ್ದು ನನ್ನ ತಮ್ಮ. ಅಲ್ಲಿಂದ ಉಗಿ ಬಿಡುವವನಿಗೆ ಈಚೆಗಿರುವ ನಾವು ಕಾಣುವುದಿಲ್ಲ. ಈ ಗದ್ದಲದಲ್ಲಿ ಕೂಗಿದರೂ ಕೇಳುವುದಿಲ್ಲ. ಹಾಗಾಗಿ ನಮ್ಮಲ್ಲೊಂದು ಪದ್ಧತಿ ಇದೆ, ನೀವೂ ನೋಡಿರುತ್ತೀರಿ. ಅವನು ಕೊಳವೆಗೆ ಒಂದು ಪೆಟ್ಟು ಹೊಡೆದು ‘ಎಲ್ಲರೂ ಮಿಷಿನ್‌ನಿಂದ ದೂರ ಇದ್ದೀರಾ’ ಎಂದು ಕೇಳುತ್ತಾನೆ. ಒಬ್ಬೊಬ್ಬರಾಗಿ ನಾವು ನಮ್ಮ ನಮ್ಮ ಪೆಟ್ಟು ಹೊಡೆದು ಉತ್ತರ ಕೊಡುತ್ತೇವೆ. ನನ್ನದು ಎರಡು, ಕಬ್ಬಿಣದ ಸೌಟಿನಿಂದ. ಎಲ್ಲರದೂ ಬಂದ ಮೇಲೆ ಅವನು ಎರಡು ಹೊಡೆದು ಉಗಿ ಬಿಡುತ್ತಾನೆ. ಕೊನೆಯದು ಯಾವಾಗಲೂ ಮೂಲೆಯ ಮಿಷಿನ್‌ನವರದು. ಮಾತೆತ್ತಿದರೆ “ಸಾವಕಾಶ, ಸಾವಕಾಶ” ಎನ್ನುವುದರಿಂದ ಅವರಿಗೆ ಸಾವಕಾಶಣ್ಣ ಎಂದೇ ಹೆಸರಾಗಿದೆ. ಅವರ ಪೆಟ್ಟೂ ಹಾಗೆಯೇ. ಮೂರು ಬೇಗ ಬೇಗ, ಆಮೇಲೆ ಕೇಳುವವರಿಗೆ ತಲೆ ಕೆಡುವಷ್ಟು ಹೊತ್ತು ಏನೂ ಇಲ್ಲ, ಆಮೇಲೆ ನಾಲ್ಕನೆಯದು.

ಎರಡು ವರ್ಷದ ಹಿಂದೆ ಒಂದು ಬೆಳಿಗ್ಗೆ ಉಗಿ ಬಿಟ್ಟಾಗ ಸಾವಕಾಶಣ್ಣ ಅರ್ಧ ಮೈ ಮಿಷಿನ್ ಒಳಗಿದ್ದರು. ಮುಖ ಬೆಂದುಹೋಯಿತು. ನಾವು ಒದ್ದೆ ಬಟ್ಟೆ ಹೊದಿಸಿ ಹೊರಗೆ ತಂದೆವು. ಲಾಂಡ್ರಿಯವರ ಕೈಗೆ ಮತ್ತೇನು ಸಿಗುತ್ತದೆ, ಒಗೆಯಲು ಬಂದ ಆಸ್ಪತ್ರೆಯ ಬಿಳಿ ಹೊದಿಕೆ. ತಲೆಯಿಂದ ಕಾಲಿನವರೆಗೆ ಹೊದಿಸಿದ್ದೆವು. ನನ್ನ ತಮ್ಮ ಬಾಯ್ಲರ್ ಕೋಣೆಯ ಬಾಗಿಲಲ್ಲಿ ನಿಂತು ಅದನ್ನು ನೋಡಿದ. ಅವರನ್ನು ವ್ಯಾನಿಗೆ ಹತ್ತಿಸಿ ತಿರುಗಿ ನೋಡುವಷ್ಟರಲ್ಲಿ ಅವನಿರಲಿಲ್ಲ. ಫೋನು ಅವನ ಸ್ಟೂಲಿನ ಮೇಲೆ ಬಿದ್ದಿತ್ತು.

ಸಾವಕಾಶಣ್ಣ ಸಾಯಲಿಲ್ಲ. ಕೇಸೂ ಮುಗಿದುಹೋಗಿದೆ. ಇದು ನನ್ನ ತಮ್ಮನಿಗೊಬ್ಬನಿಗೆ ಗೊತ್ತಿಲ್ಲ. ಆಗೊಂದು ಈಗೊಂದು ಕಾರ್ಡು ಬರುತ್ತದೆ, ವಿಳಾಸ ಇರುವುದಿಲ್ಲ. ‘ಅಕ್ಕ, ಇದ್ದೇನೆ. ಹುಡುಕಬೇಡ. ಅವರ ಮನೆಯವರನ್ನು ನೋಡಿಕೋ.’ ಬದುಕಿರುವ ಮನುಷ್ಯನ ಮನೆಯವರನ್ನು ನಾನು ಏನೆಂದು ನೋಡಿಕೊಳ್ಳಲಿ, ಹೇಳಿ. ‘ಕಾಣೆಯಾಗಿದ್ದಾನೆ’ ಎಂದು ಪೇಪರಿನಲ್ಲಿ ಅವನ ಫೋಟೋ ಹಾಕಿಸಿದೆ. ಮುಂದಿನ ಕಾರ್ಡಿನಲ್ಲಿ ‘ನನ್ನನ್ನು ಹಿಡಿದುಕೊಡುತ್ತೀಯಾ’ ಎಂದಿತ್ತು. ಅಂಚೆ ಮುದ್ರೆಯ ಊರು ಬದಲಾಗಿತ್ತು.

ಅವನಿಗೆ ಸಿನಿಮಾ ಎಂದರೆ ಪ್ರಾಣ. ಯಾವ ಊರಿನಲ್ಲಿದ್ದರೂ ಸಿನಿಮಾ ಮಂದಿರದ ಮುಂದೆ ನಿಂತು ಪೋಸ್ಟರ್ ನೋಡದೆ ಇರುವವನಲ್ಲ. ನಿಮ್ಮ ಕ್ಯಾಮೆರಾ ಒಳಗೆ ಬಂದ ದಿನ ನನಗೆ ಜೀವ ಬಂದ ಹಾಗಾಯಿತು. ದಯವಿಟ್ಟು ನಾನು ಆಡಿದ ಆ ಒಂದು ಮಾತನ್ನು ಸಿನಿಮಾದಲ್ಲಿ ಇಡಿ. ಉಳಿದದ್ದೆಲ್ಲ ಎಸೆದರೂ ಸರಿ.

ಇಂತಿ,
ಮಡಿಸುವ ಮೇಜಿನ ಅಕ್ಕ


ಜನವರಿ 20

ಪ್ರೀತಿಯ ಅಕ್ಕ,

ನಿಮ್ಮ ಪತ್ರ ಓದಿದೆ. ನನಗೆ ಸಿಟ್ಟು ಬಂದಿದ್ದು ನಿಜ. ಈಗ ನಾಚಿಕೆಯಾಗುತ್ತಿದೆ.

ಆದರೂ ನಿಮಗೆ ಸುಳ್ಳು ಭರವಸೆ ಕೊಡಲಾರೆ. ನಾವು ಮಾಡುವ ಸಿನಿಮಾದಲ್ಲಿ ಯಾರಿಂದಲೂ ಏನೂ ಹೇಳಿಸುವುದಿಲ್ಲ, ಅಕ್ಷರದಲ್ಲಿ ಬರೆದು ತೋರಿಸುವುದೂ ಇಲ್ಲ. ಜನ ತಮ್ಮಷ್ಟಕ್ಕೆ ತಾವಿರುವುದನ್ನು ನೋಡುತ್ತಾ ಕೂರುವುದಷ್ಟೇ ನಮ್ಮ ಕೆಲಸ. ನನ್ನ ಈ ನಿಯಮ ನಿಮ್ಮ ಕಷ್ಟದ ಮುಂದೆ ಏನೇನೂ ಅಲ್ಲ, ಬೇಕಾದರೆ ಮುರಿಯುತ್ತಿದ್ದೆ. ಆದರೆ ಮಾಲೀಕರು ನಮ್ಮನ್ನು ಒಳಗೆ ಬಿಟ್ಟಿದ್ದೇ ಒಂದು ಷರತ್ತಿನ ಮೇಲೆ. ಆ ಅಪಘಾತದ ಸುದ್ದಿ ಒಂದು ಮಾತಿನಲ್ಲೂ ಬರಬಾರದು. ಬಂದರೆ ಇಡೀ ಚಿತ್ರವನ್ನೇ ತಡೆಯುವ ಹಕ್ಕು ಅವರಿಗಿದೆ.

ಒಂದು ದಾರಿ ಇದೆ. ಮೂಲೆಯ ಮಿಷಿನ್‌ನವರು ಸುಮ್ಮನೆ ತಮ್ಮ ಕೆಲಸ ಮಾಡುತ್ತಿರುವುದನ್ನು ತೋರಿಸಿದರೆ ಸಾಕಲ್ಲವೇ? ಮಾತೇ ಬೇಡ. ನಿಮ್ಮ ತಮ್ಮ ನೋಡಿದರೆ ಅವನಿಗೆ ಗೊತ್ತಾಗುತ್ತದೆ. ಆದರೆ ಅವರು ಒಪ್ಪಿಗೆಗೆ ಸಹಿ ಹಾಕಿಲ್ಲ. ನಾವು ಕ್ಯಾಮೆರಾ ಎತ್ತಿದರೆ ಸಾಕು, ಒಣಹಾಕಿದ ಹೊದಿಕೆಗಳ ಹಿಂದೆ ಹೋಗಿ ನಿಲ್ಲುತ್ತಾರೆ. ನಾನು ಎರಡು ಸಲ ಕೇಳಿದೆ. ನೀವು ಕೇಳಿದರೆ ಒಪ್ಪಿಯಾರು.

ನಿಮ್ಮವಳು,
ಸಿನಿಮಾದವಳು


ಫೆಬ್ರವರಿ 17

ಮೇಡಂ ಅವರಿಗೆ,

ಕೇಳಿದೆ. ಬೇಡಿಕೊಂಡೆ ಎಂದರೇ ಸರಿ. ಊಟದ ಬಿಡುವಿನಲ್ಲಿ ಸಾವಕಾಶಣ್ಣ ಸಾಮಾನಿನ ಕೋಣೆಯಲ್ಲಿ, ಸೋಪಿನ ಚೀಲಗಳ ಮೇಲೆ ಕುಳಿತು ಒಬ್ಬರೇ ಉಣ್ಣುತ್ತಾರೆ. ಗೋಡೆಗೆ ಮುಖ ಮಾಡಿಕೊಂಡಿರುತ್ತಾರೆ. ಹೋಗಿ ಎದುರಿಗೆ ಕುಳಿತೆ.

“ಅಣ್ಣಾ, ಒಂದೇ ಒಂದ್ಸಲ ನಿಂತ್ಕೊಳ್ಳಿ. ಅವ್ನು ನೋಡ್ಲಿ.”

“ಅವನೊಬ್ನೇ ನೋಡ್ತಾನಾ? ಊರೂರೇ ಟಿಕೆಟ್ ತಗೊಂಡು ನೋಡುತ್ತೆ. ಬಸ್ಸಲ್ಲಿ ಬಿಟ್ಟಿ ನೋಡೋರೇ ಸಾಕಾಗಿದಾರೆ ನಂಗೆ.”

“ನಿಮ್ಮ ಕಾಲು ಹಿಡ್ಕೋತೀನಿ.”

“ಬೇಡ ಮಾರಾಯ್ತಿ. ನನ್ನಲ್ಲಿ ನೆಟ್ಟಗೆ ಉಳಿದಿರೋದು ಅದೊಂದೇ.”

ನಗಿಸಿ ಕಳಿಸಲು ನೋಡಿದರು. ನಾನು ಏಳಲಿಲ್ಲ. ಎರಡು ವರ್ಷ ಬಾಯಿಗೆ ಬಂದು ನುಂಗಿಕೊಂಡ ಮಾತು ಅವತ್ತು ಹೊರಗೆ ಬಿತ್ತು. “ನಿಮ್ಮ ದೆಸೆಯಿಂದ್ಲೇ ಅಲ್ವಾ ಅವ್ನು ಪರದೇಶಿ ಆಗಿರೋದು?” ಎಂದೆ. ಹಾಗೆನ್ನಬಾರದಿತ್ತು. ಮೈ ಸುಟ್ಟುಕೊಂಡವರು ಅವರು. ಬೈಯುತ್ತಾರೆ ಎಂದುಕೊಂಡೆ. ಬೈಯಲಿಲ್ಲ. ಎದ್ದು ನಲ್ಲಿಯ ಹತ್ತಿರ ಹೋಗಿ ತೊಳೆದ ಡಬ್ಬಿಯನ್ನೇ ಮತ್ತೆ ಮತ್ತೆ ತೊಳೆಯುತ್ತ ನಿಂತರು. ನಾನು ಎದ್ದು ಬಂದೆ.

ಮೊನ್ನೆ ಕಾರ್ಡು ಬಂದಿದೆ. ‘ಅಕ್ಕ, ಇದ್ದೇನೆ’ ಎಂದಷ್ಟೇ ಇದೆ. ಮುಂಚೆ ಮೂರು ಸಾಲಾದರೂ ಇರುತ್ತಿತ್ತು. ಅಕ್ಷರ ಸಣ್ಣದಾಗುತ್ತಾ ಬರುತ್ತಿದೆ ಮೇಡಂ. ನನಗೆ ಹೆದರಿಕೆಯಾಗುತ್ತದೆ.

ನಿನ್ನೆ ಮೇಜಿನ ಹತ್ತಿರ ನಿಂತಾಗ ಒಂದು ಹೊಳೆಯಿತು. ಅವರು ಕಾಣದಿದ್ದರೆ ಬೇಡ, ಕೇಳಿಸಲಿ. ಕೊಳವೆಯ ಮೇಲಿನ ಪೆಟ್ಟಿಗೆ ಮುಖವಿಲ್ಲ, ಸಹಿ ಬೇಕಿಲ್ಲ. ಮಾಲೀಕರಿಗೆ ಅದು ಬರೀ ಟಣ್ ಟಣ್ ಎಂಬ ಸದ್ದು. ನನ್ನ ತಮ್ಮನಿಗೆ ಹಾಗಲ್ಲ. ಏಳು ವರ್ಷ ದಿನಾ ಅದಕ್ಕೆ ಕಾದು ಕೂತವನು ಅವನು. ‘ಸಾವಕಾಶಣ್ಣನ ನಾಲ್ಕನೆಯದು ಬೀಳುವಷ್ಟರಲ್ಲಿ ನಾನು ಒಂದು ಟೀ ಕುಡಿದು ಬರ್ತೀನಿ’ ಎಂದು ತಮಾಷೆ ಮಾಡುತ್ತಿದ್ದ. ಸಾವಿರ ಸದ್ದಿನ ಮಧ್ಯೆ ಇಟ್ಟರೂ ಅವನು ಆ ನಾಲ್ಕು ಪೆಟ್ಟನ್ನು ಹೆಕ್ಕಿ ತೆಗೆಯುತ್ತಾನೆ. ಅದೊಂದನ್ನು ಹಾಕುತ್ತೀರಾ?

ಇಂತಿ,
ಅಕ್ಕ


ಮಾರ್ಚ್ 2

ಅಕ್ಕ,

ಹಾಕುತ್ತೇನೆ. ನಾಳೆಯೇ ಕೊಳವೆಯ ಮೇಲೆ ಬೇರೆ ಮೈಕ್ ಕಟ್ಟಿಸುತ್ತೇನೆ. ಎಲ್ಲರ ಪೆಟ್ಟೂ ಇರುತ್ತದೆ. ಇದಕ್ಕೆ ನನ್ನ ಯಾವ ನಿಯಮವೂ ಅಡ್ಡ ಬರುವುದಿಲ್ಲ. ಮಾಲೀಕರಿಗೆ ಗೊತ್ತೂ ಆಗುವುದಿಲ್ಲ.

ನಿಮ್ಮವಳು,
ಸಿನಿಮಾದವಳು


ಏಪ್ರಿಲ್ 28

ಮೇಡಂ ಅವರಿಗೆ,

ನೀವು ಸಾಮಾನು ಕಟ್ಟಿಕೊಂಡು ಹೋದ ಮೇಲೆ ಲಾಂಡ್ರಿ ಬಿಕೋ ಎನ್ನುತ್ತಿದೆ. ದಪ್ಪಕ್ಕ ದಿನಾ “ಇವತ್ತು ಪೌಡರ್ ಹಚ್ಕೊಂಡಿದ್ದು ದಂಡ” ಎನ್ನುತ್ತಾಳೆ.

ಕೇಳಬಾರದೆಂದೇ ಇದ್ದೆ, ತಡೆಯಲಾಗಲಿಲ್ಲ. ಸಿನಿಮಾ ಯಾವಾಗ ಬರುತ್ತದೆ? ಫೆಬ್ರವರಿಯಿಂದ ಕಾರ್ಡು ಬಂದಿಲ್ಲ. ಅಂಚೆಯವರು ಬೀದಿಯ ತುದಿಯಲ್ಲಿ ಸೈಕಲ್ ತಿರುಗಿಸುವುದನ್ನು ಕಿಟಕಿಯಿಂದ ನೋಡುತ್ತೇನೆ. ಅವರೂ ನನ್ನ ಕಡೆ ನೋಡದೆ ಹೋಗುವುದನ್ನು ಕಲಿತಿದ್ದಾರೆ. ಹಾಸಿಗೆಯಲ್ಲಿ ಮಗ್ಗುಲು ಬದಲಿಸುತ್ತ, ಅವನಿಗೆ ಏನಾದರೂ ಆದರೆ ನನಗೆ ಯಾರು ತಿಳಿಸುತ್ತಾರೆ ಎಂದು ಯೋಚಿಸುತ್ತೇನೆ. ಅವನ ಹತ್ತಿರ ನನ್ನ ವಿಳಾಸ ಇದೆ ಎಂದು ಯಾರಿಗೆ ಗೊತ್ತು? ಅಪ್ಪ ಅಮ್ಮ ಹೋದಾಗ ಅವನು ನನ್ನ ಸೊಂಟದೆತ್ತರ ಇದ್ದ. ಅನ್ನ ಹಾಕಿದೆ, ಕೆಲಸ ಕೊಡಿಸಿದೆ. ಆ ಬಾಯ್ಲರ್ ಕೋಣೆಯ ಕೆಲಸ ಕೊಡಿಸಿದ್ದೂ ನಾನೇ.

ಬೇಗ ಮುಗಿಸಿ. ನಿಮ್ಮ ದಮ್ಮಯ್ಯ.

ಅಕ್ಕ


ಜೂನ್ 21

ಪ್ರೀತಿಯ ಅಕ್ಕ,

ಚಿತ್ರ ಮುಗಿದಿದೆ. ಮುಂದಿನ ತಿಂಗಳಿಂದ ಒಂದೊಂದು ಊರಿನ ಸಣ್ಣ ಮಂದಿರಗಳಲ್ಲಿ ವಾರ ವಾರ ತೋರಿಸುತ್ತೇವೆ. ನಿಮ್ಮ ಊರಿಗೆ ಸೆಪ್ಟೆಂಬರಿನಲ್ಲಿ ಬರುತ್ತದೆ. ಪೋಸ್ಟರಿನ ಮೇಲೆ ಯಾರ ಮುಖ ಹಾಕುವುದು ಎಂದು ದೊಡ್ಡ ಚರ್ಚೆಯಾಯಿತು. ನಾನು ಹಟ ಹಿಡಿದು ನಿಮ್ಮದನ್ನು ಹಾಕಿಸಿದ್ದೇನೆ, ಹೊದಿಕೆ ಕೊಡವುತ್ತ ಕ್ಯಾಮೆರಾ ಕಡೆಗೇ ನೋಡುತ್ತಿರುವುದು. ನನ್ನ ನಿಯಮಕ್ಕೆ ನಾನೇ ಮಣ್ಣು ಹಾಕಿದೆ ಎಂದು ಜೊತೆಯವರು ನಗುತ್ತಿದ್ದಾರೆ.

ಬೆಳಗಿನ ಕೊಳವೆಯ ಸದ್ದಿನಿಂದಲೇ ಚಿತ್ರ ಶುರುವಾಗುತ್ತದೆ. ಅವನು ಕೇಳಲಿ ಎಂದು ನಾನೂ ಹಾರೈಸುತ್ತೇನೆ.

ನಿಮ್ಮವಳು,
ಸಿನಿಮಾದವಳು


ಆಗಸ್ಟ್ 6, ಮಂಗಳವಾರ

ಅಕ್ಕ,

ಈ ಸಲ ಕಾರ್ಡಿನಲ್ಲಿ ಹಿಡಿಸುವುದಿಲ್ಲ, ಅದಕ್ಕೆ ಕವರ್.

ನಿನ್ನನ್ನು ನೋಡಿದೆ. ಸ್ಟೇಷನ್ನಿನ ಹಿಂದಿನ ರಸ್ತೆಯಲ್ಲಿ ಗೋಡೆಯ ಮೇಲೆ ನೀನು ನಿಂತಿದ್ದೆ, ಕೈಯಲ್ಲಿ ಹೊದಿಕೆ. ಹೋಗುವ ಬಸ್ಸು ಬಿಟ್ಟುಬಿಟ್ಟೆ. ಮಂದಿರದ ಒಳಗೆ ಹೋಗಿ ಕುಳಿತೆ. ನಿನ್ನ ಕೂದಲು ಇಷ್ಟು ಬೆಳ್ಳಗಾಗಿದೆ ಎಂದು ಗೊತ್ತಿರಲಿಲ್ಲ. ದಪ್ಪಕ್ಕ ಗೊರಕೆ ಹೊಡೆದಾಗ ಎಲ್ಲರೂ ನಕ್ಕರು, ನಾನೂ ನಕ್ಕೆ. ನಕ್ಕು ಎಷ್ಟು ದಿನವಾಗಿತ್ತೋ.

ಅಕ್ಕ, ಶುರುವಿನಲ್ಲಿ ಕೊಳವೆಯ ಸದ್ದು ಬರುತ್ತದೆ. ದಪ್ಪಕ್ಕನದು ಬಂತು. ನಿನ್ನ ಎರಡು ಬಂತು. ಮೂಲೆಯಿಂದ ಮೂರು ಬಂತು. ಮುಂದಿನ ಸೀಟು ಹಿಡಿದುಕೊಂಡೆ. ನಾಲ್ಕನೆಯದಕ್ಕೆ ಕಾದೆ. ಬರಲಿಲ್ಲ. ಮೂರಾದ ಕೂಡಲೇ ಎರಡು ಹೊಡೆದು ಉಗಿ ಬಿಟ್ಟರು. ಮೂಲೆಗೆ ಹೊಸಬರು ಯಾರೋ ಬಂದಿದ್ದಾರೆ. ಇಡೀ ಸಿನಿಮಾ ಹುಡುಕಿದೆ. ಮಿಷಿನ್ ಕಂಡಿತು, ಅವರು ಎಲ್ಲೂ ಇಲ್ಲ.

ಇಷ್ಟು ದಿನ ನಿನಗೆ ಹೇಳದ ಮಾತೊಂದಿದೆ. ಆ ಬೆಳಿಗ್ಗೆ ನಾನು ನಾಲ್ಕನೆಯದಕ್ಕೆ ಕಾದೆನೋ ಇಲ್ಲವೋ ನನಗೆ ನೆನಪಿರಲಿಲ್ಲ. ಒಮ್ಮೊಮ್ಮೆ ಕಾದೆ ಎನ್ನಿಸುತ್ತಿತ್ತು. ಅದನ್ನೇ ಹಿಡಿದುಕೊಂಡು ಇಷ್ಟು ದಿನ ಉಂಡೆ, ಮಲಗಿದೆ. ನಿನ್ನೆ ಆ ಸದ್ದು ಕೇಳಿದ ಮೇಲೆ ಅನುಮಾನ ಉಳಿಯಲಿಲ್ಲ. ಆ ದಿನ ಕೇಳಿದ್ದೂ ಹೀಗೆಯೇ, ಮೂರು. ನಾನು ಕಾಯಲಿಲ್ಲ.

ಭಾನುವಾರ ಮಧ್ಯಾಹ್ನದ ಆಟ ಇಲ್ಲಿ ಕೊನೆಯದಂತೆ. ನಿನ್ನನ್ನು ನೋಡಲು ಇನ್ನೊಂದು ಸಲ ಹೋಗುತ್ತೇನೆ. ಅದಾದ ಮೇಲೆ ಕಾರ್ಡು ಬರಲಿಲ್ಲ ಎಂದು ಕಿಟಕಿಯಲ್ಲಿ ಕಾಯಬೇಡ. ಚೆನ್ನಾಗಿರು.

ತಮ್ಮ


ಆಗಸ್ಟ್ 8, ಗುರುವಾರ

ಸಾವಕಾಶಣ್ಣನಿಗೆ,

ಬಾಗಿಲು ಬಡಿದೂ ಬಡಿದೂ ಸಾಕಾಯಿತು. ಒಳಗೆ ದೀಪ ಉರಿಯುತ್ತಿದೆ, ನೀವು ತೆಗೆಯುತ್ತಿಲ್ಲ. ಅದಕ್ಕೇ ಬಾಗಿಲ ಕೆಳಗೆ ತೂರಿಸುತ್ತಿದ್ದೇನೆ. ಜೊತೆಗೆ ಅವನ ಕಾಗದವೂ ಇದೆ. ಮೊದಲು ಅದನ್ನು ಓದಿ.

ಓದಿದಿರಾ? ಈಗ ಕೇಳಿ. ಮೇಡಂಗೆ ಫೋನ್ ಮಾಡಿ ಬಾಯಿಗೆ ಬಂದ ಹಾಗೆ ಬೈದೆ. ಅವರು ಅಳುತ್ತಿದ್ದರು. ಮೈಕಿನಲ್ಲಿ ನಿಮ್ಮ ನಾಲ್ಕೂ ಪೆಟ್ಟು ಇದ್ದವಂತೆ. ಚಿತ್ರ ಕತ್ತರಿಸಿ ಜೋಡಿಸುವವನು ನಡುವಿನ ಆ ಹೊತ್ತು ಖಾಲಿ ಬಿದ್ದಿದೆ, ನೋಡುವವರಿಗೆ ಬೇಸರವಾಗುತ್ತದೆ ಎಂದು ಅದನ್ನು ತೆಗೆದುಹಾಕಿದ. ಅದರ ಜೊತೆಗೆ ನಾಲ್ಕನೆಯದೂ ಹೋಯಿತು. ಮೇಡಂ ಅದನ್ನು ಎಷ್ಟು ಸಲ ನೋಡಿದರೂ ಆ ತಪ್ಪು ಕಿವಿಗೆ ಬೀಳಲಿಲ್ಲ. ಟಣ್ ಟಣ್ ಸದ್ದು ಇದೆಯಲ್ಲ ಎಂದುಕೊಂಡರು. ಅವರನ್ನು ಬೈದು ಏನು ಬಂತು. ನಮ್ಮಲ್ಲಿ ಹೊಸಬರಿಗೂ ಅದನ್ನು ತಿಳಿಯಲು ಆರು ತಿಂಗಳು ಬೇಕಾಗುತ್ತದೆ.

ಭಾನುವಾರದೊಳಗೆ ಸರಿ ಮಾಡಲು ಆಗುವುದಿಲ್ಲವಂತೆ, ಅವರು ದೂರದ ಇನ್ನೊಂದು ಊರಿನಲ್ಲಿದ್ದಾರೆ. ಆದರೆ ಭಾನುವಾರ ಮುಗಿಯುವ ಮಂದಿರ ಒಂದೇ. ಯಾವುದೆಂದು ಹೇಳಿದ್ದಾರೆ. ಅಲ್ಲಿ ಹೆಸರು ಕೂಗಿಸಲೇ ಎಂದು ಕೇಳಿದರು. ಬೇಡವೆಂದೆ. ಹೆಸರು ಕೂಗಿದರೆ ಅವನು ಮತ್ತೆ ಓಡುತ್ತಾನೆ, ಈ ಸಲ ಎಲ್ಲಿಗೆ ಓಡುತ್ತಾನೆ ಎಂದು ನನಗೆ ಗೊತ್ತು. ನಿಮಗೂ ಗೊತ್ತು.

ನಾನು ಶನಿವಾರದ ರೈಲಿಗೆ ಹೊರಡುತ್ತೇನೆ. ನಾನು ಅವನಿಗೆ ‘ಅವರು ಬದುಕಿದ್ದಾರೆ’ ಎಂದರೆ ನಂಬುತ್ತಾನೆಯೇ? ಅಕ್ಕ ತನ್ನನ್ನು ಉಳಿಸಿಕೊಳ್ಳಲು ಸುಳ್ಳು ಹೇಳುತ್ತಾಳೆ ಎಂದುಕೊಳ್ಳುತ್ತಾನೆ. ನೀವು ಬನ್ನಿ. ಫೆಬ್ರವರಿಯಲ್ಲಿ ಕಾಲು ಹಿಡಿಯುತ್ತೇನೆ ಎಂದಾಗ ತಮಾಷೆ ಮಾಡಿದಿರಿ. ಈಗ ತಮಾಷೆ ಮಾಡಿದರೆ ನಿಮ್ಮ ಮುಖ ನಾನೂ ನೋಡುವುದಿಲ್ಲ.

ಅಕ್ಕ


ಆಗಸ್ಟ್ 9, ಶುಕ್ರವಾರ

ತಂಗೀ,

ಇದನ್ನು ನಿನ್ನ ಮೇಜಿನ ಮೇಲೆ, ಸೌಟಿನ ಕೆಳಗೆ ಇಟ್ಟು ಹೋಗುತ್ತಿದ್ದೇನೆ. ಎದುರಿಗೆ ನಿಂತು ಹೇಳುವ ಧೈರ್ಯ ನನಗಿಲ್ಲ.

ಆ ಬೆಳಿಗ್ಗೆ ನಾನು ನಾಲ್ಕೂ ಹೊಡೆದೆ. ನಿನ್ನ ತಮ್ಮ ಕಾದ. ನಾಲ್ಕನೆಯದು ಬಿದ್ದ ಮೇಲೆಯೇ ಅವನು ಎರಡು ಹೊಡೆದದ್ದು. ಅವನ ಕಡೆಯಿಂದ ಒಂದು ಕೂದಲೆಳೆಯಷ್ಟೂ ತಪ್ಪಿಲ್ಲ.

ಆಗ ಮಿಷಿನ್ ಒಳಗೆ ದಿಂಬಿನ ಚೀಲದಲ್ಲಿ ಏನೋ ಹೊಳೆಯಿತು. ರೋಗಿಗಳ ಉಂಗುರ, ಓಲೆ ಹೀಗೆ ಬರುವುದುಂಟಲ್ಲ. ಎರಡು ಪೆಟ್ಟು ಬಿದ್ದ ಮೇಲೂ ಉಗಿ ಬರಲು ಸ್ವಲ್ಪ ಹೊತ್ತಿರುತ್ತದೆ, ಯಾರಿಗೂ ಕಾಣದಂತೆ ತೆಗೆದುಬಿಡುತ್ತೇನೆ ಎಂದು ಕೈ ಹಾಕಿದೆ. ಸಿಗಲಿಲ್ಲ, ಬಗ್ಗಿದೆ. ಕೈಗೆ ಸಿಕ್ಕಿದಾಗ ನೋಡಿದರೆ ಮಾತ್ರೆ ಸುತ್ತಿ ಬರುವ ಬೆಳ್ಳಿ ಬಣ್ಣದ ಕಾಗದ. ಜೀವನದಲ್ಲಿ ಒಂದೇ ಸಲ ಅವಸರ ಮಾಡಿದೆ.

ವಿಚಾರಣೆಗೆ ಬಂದವರು ಕೇಳಿದಾಗ ನೆನಪಿಲ್ಲ ಎಂದೆ. ಮಾತ್ರೆ ಕಾಗದಕ್ಕೆ ಮುಖ ಕೊಟ್ಟು ಕೂತವನು ಎಂದು ನೀವೆಲ್ಲ ನಗುತ್ತೀರಿ ಎಂಬ ಹೆದರಿಕೆ. ಮೊದಲ ದಿನ ಹೇಳಲಿಲ್ಲ, ಎರಡನೆಯ ದಿನ ಇನ್ನೂ ಕಷ್ಟವಾಯಿತು. ಆಮೇಲೆ ನಿನ್ನನ್ನು ಕಂಡಾಗಲೆಲ್ಲ ಗೋಡೆಗೆ ಮುಖ ಮಾಡಿ ಕೂತೆ. ಮುಖ ಸುಟ್ಟಿದೆ ಎಂದು ನಾನು ಕ್ಯಾಮೆರಾದಿಂದ ಅವಿತುಕೊಳ್ಳುತ್ತೇನೆ ಅಂತ ಎಲ್ಲರೂ ಅಂದುಕೊಂಡರು. ಅದೂ ನಿಜ. ಆದರೆ ಆ ಗಾಜಿನ ಆಚೆ ನಿನ್ನ ತಮ್ಮ ಕುಳಿತಿರುತ್ತಾನೆ ಎಂದು ನೀನು ಹೇಳಿದ ಮೇಲೆ ನನಗೆ ಅದರ ಮುಂದೆ ನಿಲ್ಲಲು ಕಾಲೇ ಬರಲಿಲ್ಲ.

ನೀನು ನನ್ನ ಮುಖ ನೋಡದಿದ್ದರೂ ಸರಿ. ಶನಿವಾರ ಸ್ಟೇಷನ್ನಿಗೆ ಬರುತ್ತೇನೆ. ಟಿಕೆಟ್ ಎರಡು ತೆಗಿ.

ಮೂಲೆಯವನು


ಆಗಸ್ಟ್ 11, ಭಾನುವಾರ

ಸಿನಿಮಾದ ಮೇಡಂ ಅವರಿಗೆ,

ನೀವು ನನ್ನನ್ನು ಹೊದಿಕೆಗಳ ಹಿಂದೆ ಮಾತ್ರ ನೋಡಿದ್ದೀರಿ. ಮೂಲೆಯ ಮಿಷಿನ್‌ನವನು ನಾನು. ಏನಾಯಿತು ಎಂದು ಇವತ್ತೇ ಬರೆದು ತಿಳಿಸಬೇಕೆಂದು ನೀವು ಅಕ್ಕನನ್ನು ಕೇಳಿಕೊಂಡಿದ್ದಿರಂತೆ. ಅವಳ ಬದಲು ನಾನು ಬರೆಯುತ್ತೇನೆ ಎಂದು ಒಪ್ಪಿಕೊಂಡೆ. ಆ ಮಂದಿರದ ಟೀ ಅಂಗಡಿಯಲ್ಲೇ ಕುಳಿತಿದ್ದೇನೆ.

ರೈಲು ತಡವಾಯಿತು. ನಾವು ಓಡುತ್ತಾ ಬಂದಾಗ ಬಾಗಿಲು ಹಾಕಿ ಆಟ ಶುರು ಮಾಡುತ್ತಿದ್ದರು. ಅವನು ಆಗಲೇ ಒಳಗಿದ್ದನೋ, ಬಂದೇ ಇಲ್ಲವೋ ಗೊತ್ತಿಲ್ಲ. ಹೊರಗೆ ಹೋಗುವ ಬಾಗಿಲು ಎರಡು. ಅಕ್ಕ ಒಂದರ ಹತ್ತಿರ ನಿಂತಳು. ನಾನು ಒಳಗೆ ಹೋದೆ. ಕತ್ತಲು ನನಗೆ ಒಗ್ಗುತ್ತದೆ, ದಾರಿಯುದ್ದಕ್ಕೂ ಸುತ್ತಿಕೊಂಡಿದ್ದ ಮಫ್ಲರನ್ನು ಸಡಿಲ ಮಾಡಿದೆ. ಚೀಲದಲ್ಲಿ ಸ್ಪ್ಯಾನರ್ ಇತ್ತು. ಯಾಕೆ ತಂದೆ ಎಂದು ರೈಲಿನಲ್ಲಿ ಅಕ್ಕ ಕೇಳಿದ್ದಳು. ಗೊತ್ತಿಲ್ಲ ಎಂದಿದ್ದೆ.

ನಿಮ್ಮ ಸಿನಿಮಾ ಶುರುವಾಯಿತು. ಕೊಳವೆಗೆ ಒಂದು ಪೆಟ್ಟು ಬಿತ್ತು. ದಪ್ಪಕ್ಕನದು, ಅಕ್ಕನದು. ನನ್ನ ಮೂರು. ತಕ್ಷಣ ಎರಡು, ಉಗಿ. ಮೇಡಂ, ಅದನ್ನು ಕೇಳಿದಾಗ ನನ್ನ ಮೈಯೆಲ್ಲ ಮತ್ತೆ ಸುಟ್ಟ ಹಾಗಾಯಿತು. ಅವನು ಇದನ್ನು ಹೇಗೆ ಸಹಿಸಿದ ಎಂದುಕೊಂಡೆ. ಎದ್ದು ನಿಂತು ಕುರ್ಚಿಯ ಕಬ್ಬಿಣದ ಕೈಗೆ ಸ್ಪ್ಯಾನರಿನಿಂದ ಹೊಡೆದೆ. ಮೂರು.

“ಯಾರ್ರೀ ಅದು?” ಎಂದು ಮುಂದಿನವರು ತಿರುಗಿದರು. “ಕೂತ್ಕೊಳ್ರೀ, ಕುಡಿದಿದೀರಾ?” ಎಂದು ಇನ್ನೊಬ್ಬರು. ನಾನು ಬಾಯಿ ಮುಚ್ಚಿಕೊಂಡು ನಿಂತೆ. ನಡುವೆ ಇರಬೇಕಾದ ಹೊತ್ತು ಇರಲೇಬೇಕಲ್ಲ. ಟಾರ್ಚ್ ಹಿಡಿದವನೊಬ್ಬ ನನ್ನ ಕಡೆ ಬರುತ್ತಿದ್ದ, ಬೆಳಕು ನೇರ ಮುಖಕ್ಕೇ ಬಿಟ್ಟ. ಯಾರೋ ಹೆಂಗಸು “ಅಯ್ಯೋ” ಎಂದರು. ಅವರೆಲ್ಲ ನೋಡುತ್ತಿದ್ದಂತೆ ನಾಲ್ಕನೆಯದನ್ನು ಹೊಡೆದೆ.

ಏನೂ ಆಗಲಿಲ್ಲ. ಟಾರ್ಚಿನವನು ರಟ್ಟೆ ಹಿಡಿದು ಎಳೆದ. ಪರದೆಯ ಮೇಲೆ ದಪ್ಪಕ್ಕ ಬಂದಳು, ಜನ ನಗಲು ಶುರು ಮಾಡಿದರು. ಬಂದಿಲ್ಲ, ಬರಲೇ ಇಲ್ಲ, ಅಕ್ಕನಿಗೆ ಹೋಗಿ ಏನು ಹೇಳಲಿ ಎಂದುಕೊಂಡೆ. ಬಾಗಿಲವರೆಗೂ ಎಳೆದುಕೊಂಡು ಹೋದ.

ಆಗ ಹಿಂದಿನ ಸಾಲಿನಿಂದ ಕಬ್ಬಿಣಕ್ಕೆ ಎರಡು ಪೆಟ್ಟು ಬಿತ್ತು. ಕೈಯಲ್ಲಿ ಏನಿತ್ತೋ, ಬೀಗದ ಕೈಯೋ ನಾಣ್ಯವೋ, ಸದ್ದು ಸಣ್ಣದಾಗಿತ್ತು. ಆದರೆ ಉಗಿ ಬಿಡುವ ಮೊದಲು ಅವನು ಆ ಎರಡರ ನಡುವೆ ಎಷ್ಟು ಹೊತ್ತು ಬಿಡುತ್ತಿದ್ದ ಎಂದು ನನಗೆ ಗೊತ್ತು.

ಈಗ ಅವನು ಮೇಜಿನ ಆಚೆ ಕುಳಿತಿದ್ದಾನೆ. ಸೊರಗಿ ಅರ್ಧ ಆಗಿದ್ದಾನೆ, ಗಡ್ಡ ಬಿಟ್ಟಿದ್ದಾನೆ. ಅಕ್ಕ ಅವನ ಅಂಗಿಯ ತುದಿಯನ್ನು ಮುಷ್ಟಿಯಲ್ಲಿ ಹಿಡಿದುಕೊಂಡಿದ್ದಾಳೆ, ಟೀ ಕುಡಿಯುವಾಗಲೂ ಬಿಡುತ್ತಿಲ್ಲ. ಮಾತ್ರೆ ಕಾಗದದ ಕಥೆಯನ್ನು ನಾನು ಅವನಿಗೆ ಹೇಳಿದೆ, ಎಲ್ಲವನ್ನೂ. ಅವನು ಹೊಡೆಯಲಿಲ್ಲ, ಬೈಯಲಿಲ್ಲ. ಮುಂದೆ ಏನೆನ್ನುತ್ತಾನೋ ತಿಳಿಯದು. ನನ್ನನ್ನು ಕ್ಷಮಿಸಬೇಕೆಂದೇನೂ ಇಲ್ಲ.

ಆ ಖಾಲಿ ಹೊತ್ತನ್ನು ನಿಮ್ಮ ಸಿನಿಮಾಕ್ಕೆ ವಾಪಸ್ ಹಾಕಿಸಿ. ನೋಡುವವರಿಗೆ ಬೇಸರವಾದರೆ ಆಗಲಿ. ನೀವು ಕೇಳಿದ್ದ ಸಹಿ ಮಾತ್ರ ನಾನು ಈಗಲೂ ಹಾಕುವುದಿಲ್ಲ, ಬೇಜಾರು ಮಾಡಿಕೊಳ್ಳಬೇಡಿ. ಊರಿನವರಿಗೆಲ್ಲ ತೋರಿಸುವ ಮುಖ ಇದಲ್ಲ.

ಮಫ್ಲರ್ ಬಿಚ್ಚಿ ಮೇಜಿನ ಮೇಲೆ ಇಟ್ಟಿದ್ದೇನೆ. ಟೀ ಅಂಗಡಿಯಲ್ಲಿ ಬೆಳಕು ಚೆನ್ನಾಗಿದೆ. ಅವನು ಟೀ ಮುಟ್ಟದೆ ನನ್ನ ಮುಖವನ್ನೇ ನೋಡುತ್ತಿದ್ದಾನೆ. ನಾನು ಗೋಡೆಯ ಕಡೆ ತಿರುಗುತ್ತಿಲ್ಲ. ನೋಡಲಿ.

ಇಂತಿ,
ಮೂಲೆಯ ಮಿಷಿನ್‌ನವನು